ಒಳಛಾವಣಿಯ ಅರಳು: ಕೆರೆಯುವುದೊ, ಮುಚ್ಚುವುದೊ?

ಮನೆಯಲ್ಲಿ ವಾಸಿಸುವವರ ಕಣ್ಣಿಗೆ ಅತ್ಯಂತ ಕಡಮೆ ಬೀಳುವ ಭಾಗವೆಂದರೆ ಅದರ ಒಳಛಾವಣಿ. ನೆಲವನ್ನು ದಿನವೂ ಗುಡಿಸುತ್ತೇವೆ. ಗೋಡೆಗೆ ಪಟಗಳನ್ನು ತೂಗುಹಾಕುತ್ತೇವೆ. ತಲೆಯ ಮೇಲಿರುವುದನ್ನು ದಿಟ್ಟಿಸಿ ನೋಡುವುದು ಜ್ವರ ಬಂದು ಮಲಗಿದಾಗ ಮಾತ್ರ. ಇಂಥ ಒಳಛಾವಣಿಯೇ ಅಮೆರಿಕ, ಕೆನಡ ಮತ್ತು ಬ್ರಿಟನ್ ದೇಶಗಳಲ್ಲಿ ಅಸಂಖ್ಯ ಗೃಹಸ್ಥರಿಗೆ ಒಂದು ಬಗೆಯ ಪೀಡೆಯಾಗಿ ಪರಿಣಮಿಸಿದೆ. ಕನ್ನಡನಾಡಿನಿಂದ ಹೋಗಿ ಕ್ಯಾಲಿಫೋರ್ನಿಯದಲ್ಲೋ ನ್ಯೂಜೆರ್ಸಿಯಲ್ಲೋ ನೆಲಸಿ, ಅಲ್ಲಿಯ ಹಳೆಯ ಮನೆಗಳನ್ನು ಕೊಂಡಿರುವ ನಮ್ಮವರಿಗೂ ಈ ಪೀಡೆ ತಪ್ಪಿದ್ದಲ್ಲ. ನಮ್ಮ ವಾಚಕರಲ್ಲಿ ಹಲವರ ಅಣ್ಣಂದಿರೋ ಚಿಕ್ಕಪ್ಪಂದಿರೋ ರಜೆಯ ದಿನ ಏಣಿ ಹತ್ತಿ, ಕೈಯಲ್ಲಿ ಉಕ್ಕಿನ ಪಟ್ಟಿ ಹಿಡಿದು, ಆ ಛಾವಣಿಯನ್ನು ಕೆರೆಯಲು ಸಿದ್ಧರಾಗಿರಲೂಬಹುದು. ಅವರು ಏಣಿ ಹತ್ತುವ ಮೊದಲು ಕೇಳಬೇಕಾದ ಕೆಲವು ಮಾತುಗಳನ್ನು ಇಲ್ಲಿ ಹೇಳಬಯಸುತ್ತೇವೆ.

ಆ ನಾಡುಗಳ ಮನೆಗಳಲ್ಲಿ ಒಳಛಾವಣಿ ನಮ್ಮ ತಾರಸಿಯಂತೆ ಕಾಂಕ್ರೀಟಿನದಲ್ಲ. ಮರದ ಜಂತೆಗಳ ಅಡಿಗೆ ಜಿಪ್ಸಮ್ ಹಲಗೆಗಳನ್ನು ಬಡಿದು, ಹಲಗೆ ಹಲಗೆ ಕೂಡುವ ಸಂದುಗಳಿಗೆ ಕಾಗದದ ಪಟ್ಟಿ ಅಂಟಿಸಿ, ಮೇಲೆ ಸರಿಯಂಥ ಲೇಪವನ್ನು ಬಳಿದು ಮಟ್ಟ ಮಾಡುವುದು ಅಲ್ಲಿಯ ಪದ್ಧತಿ. ಈ ಮಟ್ಟ ಮಾಡುವ ಕೆಲಸ ಸುಲಭವಲ್ಲ. ಕಿಟಕಿಯಿಂದ ಒಳಬರುವ ಬೆಳಕು ಛಾವಣಿಯ ಮೇಲೆ ಬಹಳ ಓರೆಯಾಗಿ ಬೀಳುವುದರಿಂದ ಅರ್ಧ ಮಿಲಿಮೀಟರಿನಷ್ಟು ಉಬ್ಬು ಕೂಡ ಉದ್ದನೆಯ ನೆರಳನ್ನು ಚೆಲ್ಲುತ್ತದೆ. ಸಂಜೆಯ ಬಿಸಿಲಿನಲ್ಲಿ ಗುಳಿಬಿದ್ದ ರಸ್ತೆ ಹೇಗೆ ಕಾಣುತ್ತದೆಯೋ ಹಾಗೆ. ಎರಡನೆಯ ಮಹಾಯುದ್ಧದ ಅನಂತರ ಅಮೆರಿಕದಲ್ಲಿ ಮನೆಗಳನ್ನು ಸಾಲುಸಾಲಾಗಿ ಕಟ್ಟಲು ತೊಡಗಿದಾಗ ನುರಿತ ಗಾರೆಯವರಿಂದ ಮೂರು ಮೂರು ಕೈ ಬಳಿಸುವ ವ್ಯವಧಾನ ಯಾರಿಗೂ ಇರಲಿಲ್ಲ. ಒಂದು ಉಪಾಯ ಹೊಳೆಯಿತು. ಮಟ್ಟವಿಲ್ಲದ್ದನ್ನು ಮಟ್ಟ ಮಾಡುವುದಕ್ಕಿಂತ ಎಲ್ಲವನ್ನೂ ಒಂದೇ ಸಮನೆ ಮಟ್ಟವಿಲ್ಲದಂತೆ ಮಾಡಿಬಿಟ್ಟರೆ ದೋಷ ಕಾಣುವುದೆಲ್ಲಿ? ಸುಣ್ಣಕಲ್ಲಿನ ಪುಡಿ, ಅಂಟು, ನಾರು, ಹಗುರವಾದ ಕಾಳುಗಳು, ನೀರು ಇವನ್ನು ಕಲಸಿ ಯಂತ್ರದಿಂದ ಚಿಮುಕಿಸಿದರು. ಒಂದು ಕೋಣೆಗೆ ಒಂದು ಗಂಟೆಯೂ ಬೇಕಾಗಲಿಲ್ಲ. ಒಣಗಿದ ಮೇಲೆ ಅದು ಛಾವಣಿಗೆ ಮೆಕ್ಕೆಜೋಳದ ಅರಳನ್ನು ಅಂಟಿಸಿದಂತೆ ಕಾಣುತ್ತಿದ್ದುದರಿಂದ ಜನ ಅದನ್ನು ಪಾಪ್‌ಕಾರ್ನ್ ಸೀಲಿಂಗ್ ಎಂದರು. ನಾವು ಅರಳುಲೇಪ ಎನ್ನೋಣ. ಬ್ರಿಟನ್ನಿನಲ್ಲಿ ಇದರ ಸೋದರಸಂಬಂಧಿಯೊಂದು ಆರ್ಟೆಕ್ಸ್ ಎಂಬ ವ್ಯಾಪಾರನಾಮದಿಂದಲೇ ಮನೆಮಾತಾಯಿತು. ಅಲ್ಲಿ ಲೇಪವನ್ನು ಕೈಯಿಂದ ಬಳಿದು, ಹಸಿಯಾಗಿರುವಾಗಲೇ ಹಣಿಗೆಯಿಂದಲೋ ಕುಂಚದಿಂದಲೋ ಸುಳಿಸುಳಿಯಾಗಿ ಗೀರುತ್ತಿದ್ದರು.

ಮಾರುವವರು ಇದಕ್ಕೆ ಇನ್ನೊಂದು ಗುಣವನ್ನೂ ಆರೋಪಿಸಿದರು. ಇದು ಸದ್ದನ್ನು ಹೀರುತ್ತದೆ ಎಂದು ಹೇಳಿ "ಶಬ್ದಶಾಮಕ" ಎಂಬ ಬಿರುದನ್ನು ಕೊಟ್ಟರು. ಭೌತಶಾಸ್ತ್ರದ ವಿದ್ಯಾರ್ಥಿ ಈ ಮಾತನ್ನು ತಾನೇ ಪರೀಕ್ಷಿಸಬಲ್ಲ. ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು ೩೪೦ ಮೀಟರ್. ಸೆಕೆಂಡಿಗೆ ೩೪೦ ಕಂಪನಗಳ ಧ್ವನಿಯ ತರಂಗಾಂತರ ಒಂದು ಮೀಟರ್; ೩೪೦೦ ಕಂಪನಗಳ ಧ್ವನಿಯದು ೧೦ ಸೆಂಟಿಮೀಟರ್. ನಾಲ್ಕೈದು ಮಿಲಿಮೀಟರ್ ಎತ್ತರದ ಅರಳುಗಳು ಇಂಥ ಅಲೆಗಳನ್ನು ಚದರಿಸಲಾರವು. ಸಮುದ್ರದ ದೊಡ್ಡ ಅಲೆಗೆ ದಡದ ಮರಳಿನ ಹೊರಳು ಲೆಕ್ಕಕ್ಕಿಲ್ಲದ ಹಾಗೆ. ಅರಳಿನ ಒಳಗಿರುವ ಸಣ್ಣ ಸಣ್ಣ ರಂಧ್ರಗಳಿಂದ ಕೀಚಲು ಸದ್ದು ಸ್ವಲ್ಪ ಕುಗ್ಗಬಹುದು, ಅಷ್ಟೆ. ಹತ್ತು ವರ್ಷಗಳಾದ ಮೇಲೆ ಹೊಗೆ ಧೂಳುಗಳಿಂದ ಮಂಕಾದ ಛಾವಣಿಗೆ ಯಾರೋ ಬಣ್ಣ ಬಳಿದರೆಂದರೆ ಆ ರಂಧ್ರಗಳೂ ಮುಚ್ಚಿಹೋದವು. ಬಣ್ಣ ಬಳಿದ ಅರಳುಲೇಪಕ್ಕೆ ಉಳಿದಿರುವ ಉಪಯೋಗ ಕೆಟ್ಟ ಕೆಲಸವನ್ನು ಮರೆಮಾಡುವುದೊಂದೇ ಎಂದರೆ ತಪ್ಪಾಗಲಾರದು. ಆದುದರಿಂದ ಅದನ್ನು ತೊಲಗಿಸಬೇಕೆಂಬ ಗೃಹಸ್ಥನ ಆಸೆಯನ್ನು ನಾವು ಹಳಿಯುವುದಿಲ್ಲ. ನಮ್ಮ ಆಕ್ಷೇಪವಿರುವುದು ಕೆರೆಯುವ ಆತುರದ ಬಗೆಗೆ.

ಈಗ ಲೇಪದಲ್ಲಿದ್ದ ನಾರಿನ ವಿಷಯಕ್ಕೆ ಬರೋಣ. ಆ ಕಾಲದ ಅನೇಕ ಲೇಪಗಳಲ್ಲಿ ಬೆರೆಸಿದ್ದು ಕಲ್ನಾರು, ಅಂದರೆ ಆಸ್ಬೆಸ್ಟಾಸ್. ಅದರಲ್ಲಿಯೂ ಕ್ರೈಸೊಟೈಲ್ ಎಂಬ ಬಿಳಿಯ ಕಲ್ನಾರು. ಕನ್ನಡದ ಹೆಸರೇ ಇದರ ಸ್ವಭಾವವನ್ನು ಚೆನ್ನಾಗಿ ತಿಳಿಸುತ್ತದೆ: ಕಲ್ಲೂ ಹೌದು, ನಾರೂ ಹೌದು. ಬೆಂಕಿಗೆ ಉರಿಯುವುದಿಲ್ಲ, ಕೊಳೆಯುವುದಿಲ್ಲ, ನೂಲಿನಂತೆ ಎಳೆ ಬಿಡಿಸಬಹುದು. ಲೇಪವನ್ನು ಹಿಡಿದಿಡಲು ಇದಕ್ಕಿಂತ ಅಗ್ಗವಾದ ವಸ್ತು ದೊರೆಯುತ್ತಿರಲಿಲ್ಲ. ಬ್ರಿಟನ್ನಿನ ಲೇಪಗಳಲ್ಲಿ ಸಾಮಾನ್ಯವಾಗಿ ನೂರಕ್ಕೆ ೩ರಿಂದ ೫ರಷ್ಟು ಕಲ್ನಾರು ಇರುತ್ತಿತ್ತು. ನೂರಕ್ಕೆ ಐದು ಎಂದರೆ ಅಲ್ಪವೆಂದು ತೋರಬಹುದು. ಆದರೆ ನಾಲ್ಕು ಮೀಟರ್ ಉದ್ದ, ನಾಲ್ಕು ಮೀಟರ್ ಅಗಲದ ಕೋಣೆಯಲ್ಲಿ ಚದರ ಮೀಟರಿಗೆ ಒಂದು ಕಿಲೋಗ್ರಾಂ ಲೇಪವಿದೆಯೆಂದು ಲೆಕ್ಕಕ್ಕಾಗಿ ಇಟ್ಟುಕೊಂಡರೆ, ಆ ಒಂದು ಕೋಣೆಯ ನೆತ್ತಿಯ ಮೇಲೆ ೮೦೦ ಗ್ರಾಂ ಕಲ್ನಾರು ನೇತಾಡುತ್ತಿದೆ ಎಂದಾಯಿತು. ಅದೂ ಬೆರಳಿನಿಂದ ಉಜ್ಜಿದರೆ ಉದುರುವ ಸ್ಥಿತಿಯಲ್ಲಿ.

ಕಲ್ನಾರಿನ ಧೂಳು ಮನುಷ್ಯನನ್ನು ಕೊಲ್ಲಬಲ್ಲದೆಂಬುದು ಆಗ ಯಾರಿಗೂ ತಿಳಿದಿರಲಿಲ್ಲವೆ? ಈ ಪ್ರಶ್ನೆಗೆ ಉತ್ತರ ಕೊಡುವಾಗ ನಮಗೆ ಸಿಟ್ಟು ಬರುವುದು ಸಹಜ. ಇಂಗ್ಲೆಂಡಿನ ರಾಚ್‌ಡೇಲ್ ಎಂಬ ಊರಿನ ಕಲ್ನಾರು ಗಿರಣಿಯಲ್ಲಿ ದುಡಿದ ನೆಲ್ಲಿ ಕರ್ಷಾ ಎಂಬಾಕೆ ೧೯೨೪ರಲ್ಲಿ, ಇನ್ನೂ ೩೩ನೆಯ ವಯಸ್ಸಿನಲ್ಲಿ, ತೀರಿಕೊಂಡಳು. ಕುಕ್ ಎಂಬ ವೈದ್ಯ ಆಕೆಯ ಶ್ವಾಸಕೋಶವನ್ನು ಪರೀಕ್ಷಿಸಿ, ಅದರಲ್ಲಿ ಕಲ್ನಾರಿನ ಕಣಗಳನ್ನು ಕಂಡು, ಅದೇ ವರ್ಷ ಬ್ರಿಟಿಷ್ ಮೆಡಿಕಲ್ ಜರ್ನಲ್ ಪತ್ರಿಕೆಯಲ್ಲಿ ವರದಿ ಮಾಡಿದ. ೧೯೩೦ರಲ್ಲಿ ಮೆರೆವೆದರ್ ಮತ್ತು ಪ್ರೈಸ್ ಎಂಬವರು ಬ್ರಿಟನ್ನಿನ ಸರಕಾರಕ್ಕೆ ವಿವರವಾದ ವರದಿಯನ್ನೊಪ್ಪಿಸಿದರು. ೧೯೩೧ರಲ್ಲಿ ಕಾರ್ಖಾನೆಗಳ ಕಲ್ನಾರು ಧೂಳಿನ ಬಗೆಗೆ ಅಲ್ಲಿ ನಿಯಮಗಳು ಬಂದವು. ೧೯೬೦ರಲ್ಲಿ ದಕ್ಷಿಣ ಆಫ್ರಿಕದ ವಾಗ್ನರ್ ಮತ್ತು ಅವನ ಸಹೋದ್ಯೋಗಿಗಳು ಕಲ್ನಾರಿನ ಗಣಿಗಳಿದ್ದ ಪ್ರದೇಶದಿಂದ ೩೩ ಮಂದಿಯ ವೃತ್ತಾಂತವನ್ನು ಪ್ರಕಟಿಸಿದರು. ಅವರಿಗೆ ತಗುಲಿದ್ದ ರೋಗ ಶ್ವಾಸಕೋಶದ ಹೊರಪೊರೆಯಲ್ಲಿ ಹುಟ್ಟುವ ಮೀಸೊಥೀಲಿಯೋಮ ಎಂಬ ವಿರಳ ಕ್ಯಾನ್ಸರ್. ಅವರಲ್ಲಿ ಎಲ್ಲರೂ ಗಣಿಯಾಳುಗಳಾಗಿರಲಿಲ್ಲ. ಆ ಸುತ್ತಿನಲ್ಲಿ ಬೆಳೆದವರಷ್ಟೇ ಆಗಿದ್ದವರೂ ಇದ್ದರು. ೧೯೬೪ರಲ್ಲಿ ನ್ಯೂಯಾರ್ಕಿನ ಡಾ|| ಇರ್ವಿಂಗ್ ಸೆಲಿಕಾಫ್ ಕೊಳವೆಗಳಿಗೆ ಕಲ್ನಾರು ಸುತ್ತುವ ಕೆಲಸಗಾರರಲ್ಲಿ ರೋಗ ಎಷ್ಟು ಹಬ್ಬಿದೆಯೆಂಬುದನ್ನು ತೋರಿಸಿಕೊಟ್ಟರು. ಇಷ್ಟೆಲ್ಲ ಅಚ್ಚಾಗಿ ಹೊರಬರುತ್ತಿದ್ದ ಕಾಲದಲ್ಲಿಯೇ ಮಕ್ಕಳು ಮಲಗುವ ಕೋಣೆಗಳ ಛಾವಣಿಗೆ ಅದನ್ನು ಚಿಮುಕಿಸುತ್ತಿದ್ದರು.

ಕಾನೂನು ನಿಧಾನವಾಗಿ ಬಂತು. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆ ೧೯೭೩ರಲ್ಲಿ ಬೆಂಕಿತಡೆಗಾಗಿ ಮತ್ತು ಶಾಖತಡೆಗಾಗಿ ಕಲ್ನಾರನ್ನು ಚಿಮುಕಿಸುವುದನ್ನು ನಿಷೇಧಿಸಿತು. ಅಲಂಕಾರಕ್ಕಾಗಿ ಚಿಮುಕಿಸುವುದನ್ನು ತಡೆದದ್ದು ೧೯೭೮ರಲ್ಲಿ. ಒಂದೇ ನಾರು ಕೊಳವೆಯ ಮೇಲಿದ್ದರೆ ಅಪಾಯ, ಛಾವಣಿಯ ಮೇಲಿದ್ದರೆ ಅಲಂಕಾರ ಎಂಬ ಈ ಐದು ವರ್ಷಗಳ ಭೇದ ನಮಗೆ ಇಂದಿಗೂ ಅರ್ಥವಾಗಿಲ್ಲ. ೧೯೭೮ರ ಅನಂತರವೂ ಉಗ್ರಾಣದಲ್ಲಿ ಉಳಿದಿದ್ದ ಚೀಲಗಳು ಖರ್ಚಾಗುತ್ತ ಹೋದುವು. ಆದುದರಿಂದ ೧೯೮೦ರ ದಶಕದ ನಡುಭಾಗದವರೆಗೆ ಕಟ್ಟಿದ ಮನೆಯ ಛಾವಣಿಯನ್ನೂ ಸಂಶಯದಿಂದಲೇ ನೋಡಬೇಕು. ಬ್ರಿಟನ್ನಿನಲ್ಲಿ ನೀಲಿ ಮತ್ತು ಕಂದು ಕಲ್ನಾರುಗಳು ೧೯೮೫ರಲ್ಲಿಯೂ ಬಿಳಿಯದು ೧೯೯೯ರಲ್ಲಿಯೂ ನಿಷಿದ್ಧವಾದುವು.

ಕಲ್ನಾರಿನ ಅಪಾಯ ಇರುವುದು ಅದರ ರಸಾಯನದಲ್ಲಿ ಎನ್ನುವುದಕ್ಕಿಂತ ಆಕಾರದಲ್ಲಿ ಎಂದರೆ ಹೆಚ್ಚು ಸರಿ. ಕ್ರೈಸೊಟೈಲಿನ ಅತಿ ಸೂಕ್ಷ್ಮವಾದ ಒಂಟಿ ಎಳೆಯ ದಪ್ಪ ಒಂದು ಮೈಕ್ರಾನಿನ, ಅಂದರೆ ಮಿಲಿಮೀಟರಿನ ಸಾವಿರದ ಒಂದು ಭಾಗದ, ನೂರರಲ್ಲಿ ಮೂರು ಪಾಲಿನಷ್ಟು. ತಲೆಗೂದಲೊಂದರ ಅಗಲಕ್ಕೆ ಇಂಥ ಎಳೆಗಳನ್ನು ಒಂದರ ಪಕ್ಕ ಒಂದರಂತೆ ಸುಮಾರು ೨೦೦೦ ಜೋಡಿಸಬಹುದು. ಗಾಳಿಯಲ್ಲಿ ಇಂಥದು ಎಷ್ಟು ಹೊತ್ತು ತೇಲುತ್ತದೆ? ಸ್ಟೋಕ್ಸನ ಸೂತ್ರವನ್ನು ಕಲಿತಿರುವ ಕಾಲೇಜು ವಿದ್ಯಾರ್ಥಿಗಳು ಲೆಕ್ಕ ಹಾಕಿ ನೋಡಲಿ. ನೀರಿಗಿಂತ ಎರಡೂವರೆ ಪಟ್ಟು ಸಾಂದ್ರವಾದ, ಒಂದು ಮೈಕ್ರಾನ್ ವ್ಯಾಸದ ಗುಂಡುಕಣ ನಿಶ್ಚಲವಾದ ಗಾಳಿಯಲ್ಲಿ ಸೆಕೆಂಡಿಗೆ ಸುಮಾರು ೦.೦೮ ಮಿಲಿಮೀಟರಿನಂತೆ ಇಳಿಯುತ್ತದೆ. ಎಂಟಡಿ ಎತ್ತರದ ಛಾವಣಿಯಿಂದ ಅದು ನೆಲ ಮುಟ್ಟಲು ಎಂಟು ಗಂಟೆಗೂ ಹೆಚ್ಚು ಕಾಲ ಬೇಕು. ವ್ಯಾಸ ಅರ್ಧಕ್ಕಿಳಿದರೆ ಇಳಿಯುವ ವೇಗ ಸುಮಾರು ಕಾಲುಭಾಗವಾಗುತ್ತದೆ. ಕೆರೆಯುವವನು ಸಂಜೆ ಕೆಲಸ ಮುಗಿಸಿ, ನೆಲ ಗುಡಿಸಿ, ಕೋಣೆ ಸ್ವಚ್ಛವಾಯಿತೆಂದು ಹಾಸಿಗೆ ಹಾಸಿ ಮಲಗುವ ವೇಳೆಗೆ ನಿಜವಾದ ಧೂಳು ಇನ್ನೂ ಕೆಳಗಿಳಿದೇ ಇರುವುದಿಲ್ಲ. ಕಣ್ಣಿಗೆ ಕಾಣುವ ಧೂಳು ಅಪಾಯದ್ದಲ್ಲ. ಅಪಾಯದ್ದು ಕಣ್ಣಿಗೆ ಕಾಣುವುದಿಲ್ಲ. ಅಮೆರಿಕದ ಮನೆಗಳಲ್ಲಿ ಚಳಿಗಾಲಕ್ಕಾಗಿ ಬಿಸಿಗಾಳಿಯನ್ನು ಕೊಳವೆಗಳ ಮೂಲಕ ಎಲ್ಲ ಕೋಣೆಗಳಿಗೂ ಹಾಯಿಸುವ ಏರ್ಪಾಟಿರುತ್ತದೆ. ಅದು ನಡೆಯುತ್ತಿದ್ದರೆ ಒಂದು ಕೋಣೆಯ ಧೂಳು ಮನೆಗೆಲ್ಲ ಹಂಚಿಹೋಗುತ್ತದೆ. ಸಾಧಾರಣವಾದ ಧೂಳುಹೀರುವ ಯಂತ್ರವಂತೂ ಇಂಥ ಎಳೆಗಳನ್ನು ಒಂದು ಬದಿಯಿಂದ ಹೀರಿ ಇನ್ನೊಂದು ಬದಿಯಿಂದ ಉಗುಳುತ್ತದೆ.

ಶ್ವಾಸಕೋಶದ ತೀರ ಒಳಗಿನ ಗಾಳಿಗೂಡುಗಳಲ್ಲಿ ಭಕ್ಷಕಕೋಶಗಳೆಂಬ ಕಾವಲುಗಾರರಿದ್ದಾರೆ. ಹೊರಗಿನಿಂದ ಬಂದ ಕಣವನ್ನು ಸುತ್ತುವರಿದು ನುಂಗಿ ಅರಗಿಸುವುದು ಅವುಗಳ ಕೆಲಸ. ಈ ಕೋಶಗಳ ಗಾತ್ರ ೧೦ರಿಂದ ೨೦ ಮೈಕ್ರಾನ್. ಅದಕ್ಕಿಂತ ಉದ್ದವಾದ ನಾರು ಬಂದಾಗ ಕೋಶ ಅದನ್ನು ಪೂರ್ತಿಯಾಗಿ ನುಂಗಲಾರದು; ಉಗುಳಲೂ ಆರದು. ಅರ್ಧ ನುಂಗಿದ ಸ್ಥಿತಿಯಲ್ಲಿ ತನ್ನ ಜೀರ್ಣರಸಗಳನ್ನೂ ತೀಕ್ಷ್ಣವಾದ ಆಮ್ಲಜನಕದ ಸಂಯುಕ್ತಗಳನ್ನೂ ಸುತ್ತಲಿನ ಅಂಗಾಂಶದ ಮೇಲೆ ಚೆಲ್ಲುತ್ತ ಸಾಯುತ್ತದೆ. ಇನ್ನೊಂದು ಬರುತ್ತದೆ, ಅದರದೂ ಅದೇ ಗತಿ. ವರ್ಷಗಟ್ಟಲೆ ನಡೆಯುವ ಈ ಉರಿಯೂತದಿಂದ ಶ್ವಾಸಕೋಶ ನಾರುಗಟ್ಟುತ್ತದೆ, ಇಲ್ಲವೆ ಕ್ಯಾನ್ಸರ್ ತಲೆಯೆತ್ತುತ್ತದೆ. ನಾರು ಒಳಹೊಕ್ಕ ದಿನಕ್ಕೂ ರೋಗ ಕಾಣಿಸಿಕೊಳ್ಳುವ ದಿನಕ್ಕೂ ಸಾಮಾನ್ಯವಾಗಿ ೨೦ರಿಂದ ೫೦ ವರ್ಷಗಳ ಅಂತರ. ಈ ಅಂಕಿಯನ್ನು ನಮ್ಮ ತರುಣ ವಾಚಕರು ಸ್ವಲ್ಪ ನಿಂತು ಯೋಚಿಸಬೇಕು. ಎಪ್ಪತ್ತು ದಾಟಿದ ಅಜ್ಜ ಛಾವಣಿ ಕೆರೆದರೆ ಅವನ ಆಯುಸ್ಸು ಆ ರೋಗಕ್ಕೆ ಕಾಯುವುದಿಲ್ಲ. ಏಣಿಯನ್ನು ಹಿಡಿದು ನಿಂತ ಹತ್ತು ವರ್ಷದ ಮೊಮ್ಮಗನ ಮುಂದಾದರೋ ಅರವತ್ತು ವರ್ಷಗಳಿವೆ.

ಭಯ ಹುಟ್ಟಿಸುವುದಷ್ಟೇ ನಮ್ಮ ಉದ್ದೇಶವಲ್ಲವಾದುದರಿಂದ ಇನ್ನೊಂದು ಮಾತನ್ನೂ ಹೇಳಬೇಕು. ಮೇಲೆ ಹೇಳಿದ ರೋಗಗಳ ಬಗೆಗೆ ವಿಜ್ಞಾನಕ್ಕಿರುವ ತಿಳಿವಳಿಕೆಯ ಬಹುಭಾಗ ಗಣಿ, ಗಿರಣಿ, ಹಡಗುಕಟ್ಟೆಗಳಲ್ಲಿ ವರ್ಷಗಟ್ಟಲೆ ಧೂಳು ಕುಡಿದವರಿಂದ ಬಂದದ್ದು. ಒಂದು ಭಾನುವಾರ ಛಾವಣಿ ಕೆರೆದವನಿಗೆ ರೋಗ ಬಂದೇ ಬರುತ್ತದೆಂದು ಹೇಳುವವರು ಸುಳ್ಳು ಹೇಳುತ್ತಾರೆ. ಒಳಹೊಕ್ಕ ನಾರು ಹೆಚ್ಚಿದಷ್ಟೂ ಅಪಾಯ ಹೆಚ್ಚು, ಕಡಮೆಯಾದಷ್ಟೂ ಕಡಮೆ. ಹೊಗೆಬತ್ತಿ ಸೇದುವವನಲ್ಲಿ ಶ್ವಾಸಕೋಶದ ಕ್ಯಾನ್ಸರಿನ ಅಪಾಯ ಹಲವು ಮಡಿ ಬೆಳೆಯುತ್ತದೆ. ಆದರೆ ಇಷ್ಟರ ಕೆಳಗೆ ಅಪಾಯವೇ ಇಲ್ಲವೆಂದು ಗೆರೆ ಎಳೆದು ತೋರಿಸಿದವರಿಲ್ಲ. ಅಪಾಯ ಅಲ್ಪವೇ ಇರಲಿ. ಅದಕ್ಕೆ ಪ್ರತಿಯಾಗಿ ದೊರೆಯುವ ಲಾಭವೇನು? ನುಣುಪಾದ ಒಂದು ಛಾವಣಿ. ಅಷ್ಟು ಲಾಭವನ್ನು ಆ ಅಪಾಯವಿಲ್ಲದೆಯೂ ಪಡೆಯುವ ದಾರಿ ಇರುವಾಗ ಕೆರೆಯುವುದು ಜಾಣತನವಲ್ಲವೆಂದು ನಮ್ಮ ಅಭಿಪ್ರಾಯ.

ಆ ದಾರಿಯನ್ನು ಹೇಳುವ ಮೊದಲು ಬಣ್ಣದ ವಿಷಯ. ಬಣ್ಣ ಬಳಿಯದ ಅರಳುಲೇಪ ನೀರಿನಲ್ಲಿ ಕರಗುವ ಅಂಟಿನಿಂದ ನಿಂತಿರುವಂಥದು. ನೀರು ಚಿಮುಕಿಸಿ ಕಾಲುಗಂಟೆ ಬಿಟ್ಟರೆ ನೆನೆದ ಅವಲಕ್ಕಿಯಂತೆ ಮೆತ್ತಗಾಗಿ, ಅಗಲವಾದ ಪಟ್ಟಿಯಿಂದ ತಳ್ಳಿದರೆ ಮುದ್ದೆಯಾಗಿ ಬೀಳುತ್ತದೆ. ಒದ್ದೆಯಾದದ್ದು ಧೂಳಾಗಿ ಹಾರುವುದಿಲ್ಲ. ಕೆರೆಯುವ ವಿದ್ಯೆಯ ಸಮಸ್ತ ರಹಸ್ಯವೂ ಇಷ್ಟೆ. ಬಣ್ಣ ಬಳಿದ ಮೇಲೆ ಕಥೆ ಬೇರೆ. ಈಗಿನ ಬಣ್ಣಗಳು ಒಣಗಿದಾಗ ಪ್ಲಾಸ್ಟಿಕ್ಕಿನಂಥ ಪೊರೆಯಾಗುತ್ತವೆ. ಎಣ್ಣೆಬಣ್ಣವಾದರೆ ಇನ್ನೂ ಬಿಗಿ. ನೀರು ಮೇಲೆಯೇ ಜಾರಿಹೋಗುತ್ತದೆ, ಒಳಗೆ ಇಳಿಯುವುದಿಲ್ಲ. ಆಗ ಗೃಹಸ್ಥ ಏನು ಮಾಡುತ್ತಾನೆ? ಪೊರೆಯನ್ನು ಮೊದಲು ಒಣಗಿದಂತೆಯೇ ಗೀರುತ್ತಾನೆ, ಅಥವಾ ಸಹನೆ ತಪ್ಪಿ ಉಜ್ಜುಯಂತ್ರವನ್ನು ಹಚ್ಚುತ್ತಾನೆ. ಕಲ್ನಾರನ್ನು ಗಾಳಿಗೆ ತೂರಲು ಇದಕ್ಕಿಂತ ಸಮರ್ಥವಾದ ಉಪಾಯವನ್ನು ನಾವು ಕಾಣೆವು. ಹಳೆಯ ಮನೆಯಾದರೆ ಬಣ್ಣದಲ್ಲಿ ಸೀಸವೂ ಇದ್ದೀತು. ಮನೆಬಳಕೆಯ ಬಣ್ಣದಲ್ಲಿ ಸೀಸವನ್ನು ಅಮೆರಿಕ ನಿಷೇಧಿಸಿದ್ದೂ ೧೯೭೮ರಲ್ಲಿಯೇ. ಹೀಗೆ ಕೆರೆಯುವವನಿಗೆ ಬಣ್ಣ ಶತ್ರು. ಛಾವಣಿಯನ್ನು ಹಾಗೆಯೇ ಬಿಡುವವನಿಗಾದರೋ ಅದೇ ಬಣ್ಣ ಮಿತ್ರ. ಅರಳನ್ನು ಅರಳಿಗೆ ಬಂಧಿಸಿ, ನಾರು ಉದುರದಂತೆ ಕಾಯುವ ಮುಚ್ಚಳ ಅದು. ಗಟ್ಟಿಯಾಗಿ ಕುಳಿತಿರುವ ಬಣ್ಣದ ಪೊರೆಯನ್ನು ಒಡೆದು ಒಳಗಿನದನ್ನು ಹೊರಗೆಡಹುವುದೆಂದರೆ ಮುಚ್ಚಿದ ಹುತ್ತಕ್ಕೆ ಕೈಹಾಕಿದಂತೆ.

ಕಲ್ನಾರು ಇದೆಯೊ ಇಲ್ಲವೊ ಎಂಬುದನ್ನು ಕಣ್ಣಿನಿಂದ ನೋಡಿ ಹೇಳಲಾಗದು. ಅನುಭವಸ್ಥರೂ ಹೇಳಲಾರರು. ಮನೆಯವರನ್ನೆಲ್ಲ ಹೊರಗೆ ಕಳುಹಿಸಿ, ಗಾಳಿಯಂತ್ರವನ್ನು ನಿಲ್ಲಿಸಿ, ಪಾತ್ರೆ ತೊಳೆಯುವ ಸಾಬೂನಿನ ಹನಿ ಬೆರೆಸಿದ ನೀರಿನಿಂದ ಒಂದು ಮೂಲೆಯನ್ನು ನೆನೆಸಿ, ಬಣ್ಣದಿಂದ ಹಲಗೆಯವರೆಗಿನ ಎಲ್ಲ ಪದರಗಳೂ ಬರುವಂತೆ ಬೆರಳುಗುರಿನಷ್ಟು ಚೂರನ್ನು ಕತ್ತರಿಸಿ, ಚೀಲದಲ್ಲಿ ಮುಚ್ಚಿ ಮಾನ್ಯತೆ ಪಡೆದ ಪ್ರಯೋಗಶಾಲೆಗೆ ಕಳುಹಿಸಬೇಕು. ಕತ್ತರಿಸುವವರು ಮುಖಕ್ಕೆ ತಕ್ಕ ಮುಸುಕು ಧರಿಸಬೇಕು; ಬಟ್ಟೆಯ ತುಂಡು ಸಾಲದು. ಈ ಕೆಲಸಕ್ಕೂ ತಜ್ಞರನ್ನೇ ಕರೆಸುವುದು ಮೇಲು. ಲೇಪ ಎಲ್ಲೆಡೆಯೂ ಒಂದೇ ಹದವಾಗಿರದ ಕಾರಣ ಮೂರು ಕಡೆಯಿಂದಲಾದರೂ ತೆಗೆಯುವುದು ಕ್ಷೇಮ. ಪ್ರಯೋಗಶಾಲೆಯಲ್ಲಿ ಚೂರನ್ನು ತಕ್ಕ ವಕ್ರೀಭವನಾಂಕವುಳ್ಳ ಎಣ್ಣೆಯಲ್ಲಿಟ್ಟು ಧ್ರುವೀಕೃತ ಬೆಳಕಿನ ಸೂಕ್ಷ್ಮದರ್ಶಕದಲ್ಲಿ ನೋಡುತ್ತಾರೆ. ಕ್ರೈಸೊಟೈಲಿಗೆ ಸುಮಾರು ೧.೫೫ ಅಂಕದ ಎಣ್ಣೆ ಹೊಂದುತ್ತದೆ. ಎಳೆಗಳು ತಮ್ಮ ನಿಲುವಿಗೆ ತಕ್ಕಂತೆ ಕೆಂಪುನೇರಿಳೆ, ನೀಲಿ ಎಂದು ಬಣ್ಣ ಬದಲಿಸಿ ತಮ್ಮ ಗುರುತನ್ನು ತಾವೇ ಹೇಳುತ್ತವೆ. ಪಠ್ಯಪುಸ್ತಕದಲ್ಲಿ ಒಣ ಪಾಠದಂತೆ ತೋರುವ ಧ್ರುವೀಕರಣ ಇಲ್ಲಿ ಒಂದು ಸಂಸಾರದ ಆರೋಗ್ಯವನ್ನು ನಿರ್ಣಯಿಸುತ್ತದೆ.

ವರದಿಯಲ್ಲಿ ಕಲ್ನಾರು ಇಲ್ಲವೆಂದು ಬಂದು, ಛಾವಣಿಗೆ ಬಣ್ಣವೂ ಬಿದ್ದಿಲ್ಲವಾದರೆ, ಧಾರಾಳವಾಗಿ ನೆನೆಸಿ ಕೆರೆಯಲಿ; ಬೆನ್ನುನೋವಿನ ಹೊರತು ಬೇರೆ ಭಯವಿಲ್ಲ. ಕಲ್ನಾರು ಇಲ್ಲ, ಬಣ್ಣ ಮಾತ್ರ ಇದೆ ಎಂದಾದರೂ ಕೆರೆತದಿಂದ ಕೆಳಗಿನ ಹಲಗೆಯ ಕಾಗದ ಹರಿದು ಗಾಯಗಾಯವಾಗುವುದರಿಂದ ಮುಚ್ಚುವುದೇ ಅಗ್ಗವಾದೀತು. ಕಲ್ನಾರು ಇದೆಯೆಂದು ಬಂದರೆ, ಲೇಪ ಗಟ್ಟಿಯಾಗಿದ್ದಲ್ಲಿ, ಹಾಗೆಯೇ ಬಿಡಬೇಕು. ಬಿಡಲು ಮನಸ್ಸೊಪ್ಪದಿದ್ದರೆ ಮುಚ್ಚಬೇಕು.

ಮುಚ್ಚುವುದರಲ್ಲಿ ಎರಡು ಬಗೆಯುಂಟು, ಎರಡೂ ಸಮವಲ್ಲ. ಮೊದಲನೆಯದು ಅರಳಿನ ಮೇಲೆಯೇ ಹೊಸ ಗಾರೆಯ ಲೇಪವನ್ನು ಬಳಿದು ನುಣುಪು ಮಾಡುವುದು. ಬ್ರಿಟನ್ನಿನ ಆರ್ಟೆಕ್ಸ್ ತೆಳುವಾಗಿಯೂ ಗಟ್ಟಿಯಾಗಿಯೂ ಇರುವುದರಿಂದ ಅಲ್ಲಿ ಇದು ಬಳಕೆಯಲ್ಲಿದೆ. ಅಮೆರಿಕದ ಅರಳುಲೇಪಕ್ಕೆ ಇದನ್ನು ಅನ್ವಯಿಸುವ ಮೊದಲು ತೂಕದ ಲೆಕ್ಕ ಹಾಕಬೇಕು. ಮೂರು ಮಿಲಿಮೀಟರ್ ದಪ್ಪದ ಹಸಿ ಲೇಪ ಚದರ ಮೀಟರಿಗೆ ಸುಮಾರು ೫ ಕಿಲೋಗ್ರಾಂ ತೂಗುತ್ತದೆ. ಈ ತೂಕವನ್ನು ಹೊರುವವರು ಯಾರು? ಹೊಸ ಲೇಪ ಬಣ್ಣಕ್ಕೆ ಅಂಟಿದೆ, ಬಣ್ಣ ಅರಳಿಗೆ, ಅರಳು ನಲವತ್ತು ಐವತ್ತು ವರ್ಷಗಳ ಹಳೆಯ ಅಂಟಿನಿಂದ ಹಲಗೆಗೆ. ಸರಪಳಿಯ ಕೊನೆಯ ಕೊಂಡಿಯೇ ಎಲ್ಲಕ್ಕಿಂತ ದುರ್ಬಲ. ಮೇಲಾಗಿ ಹಸಿ ಲೇಪದ ನೀರು ಬಿರುಕುಗಳಲ್ಲಿ ಇಳಿದು ಆ ಅಂಟನ್ನೇ ಮೆತ್ತಗೆ ಮಾಡುತ್ತದೆ. ಎಲ್ಲವೂ ಒಟ್ಟಾಗಿ ಕಳಚಿ ಬಿದ್ದರೆ, ತಪ್ಪಿಸಿಕೊಳ್ಳಬೇಕೆಂದಿದ್ದ ಧೂಳೇ ಒಮ್ಮೆಗೆ ತಲೆಯ ಮೇಲೆ ಸುರಿಯುತ್ತದೆ.

ಎರಡನೆಯ ಬಗೆ ಅರಳಿನ ಕೆಳಗೆ ಹೊಸ ಜಿಪ್ಸಮ್ ಹಲಗೆಯನ್ನು ಹೊಂದಿಸಿ, ಉದ್ದನೆಯ ತಿರುಪುಮೊಳೆಗಳನ್ನು ಹಳೆಯ ಹಲಗೆಯ ಮೂಲಕ ಹಾಯಿಸಿ, ಮೇಲಿನ ಮರದ ಜಂತೆಗೆ ಬಿಗಿಯುವುದು. ಅರ್ಧ ಅಂಗುಲ ದಪ್ಪದ ಹಲಗೆ ಚದರ ಮೀಟರಿಗೆ ಸುಮಾರು ೮ ಕಿಲೋಗ್ರಾಂ ತೂಗಬಹುದು. ಮೇಲೆ ಹೇಳಿದ ಲೇಪಕ್ಕಿಂತ ಹೆಚ್ಚು. ಆದರೆ ಈ ಭಾರದಲ್ಲಿ ಒಂದು ಗುಂಜಿಯಷ್ಟನ್ನೂ ಅರಳು ಹೊರಬೇಕಾಗಿಲ್ಲ. ಭಾರ ಹಲಗೆಯಿಂದ ಮೊಳೆಗೆ, ಮೊಳೆಯಿಂದ ಮರಕ್ಕೆ ನೇರವಾಗಿ ಹೋಗುತ್ತದೆ. ಅರಳು ನಡುವೆ ಸಿಕ್ಕಿಬಿದ್ದ ಕೈದಿ. ಕಟ್ಟಡವಿದ್ಯೆಯನ್ನು ಓದಲಿರುವ ವಿದ್ಯಾರ್ಥಿಗಳು ಈ ಭೇದವನ್ನು ಮನಸ್ಸಿನಲ್ಲಿಡಬೇಕು: ಭಾರ ಎಷ್ಟು ಎಂಬುದಕ್ಕಿಂತ ಅದು ಯಾವ ದಾರಿಯಲ್ಲಿ ಇಳಿಯುತ್ತದೆ ಎಂಬುದು ಎಷ್ಟೋ ಸಲ ಹೆಚ್ಚು ಮುಖ್ಯ. ಕೋಣೆಯ ಎತ್ತರ ಕುಗ್ಗುವುದು ಅರ್ಧ ಅಂಗುಲದಿಂದ ಮುಕ್ಕಾಲು ಅಂಗುಲ ಮಾತ್ರ. ಹಲಗೆಯ ಬದಲು ಒಂದಕ್ಕೊಂದು ಕಚ್ಚಿಕೊಳ್ಳುವ ಮರದ ಪಟ್ಟಿಗಳನ್ನು ಹಾಕುವವರೂ ಇದ್ದಾರೆ; ಚೆಲುವಾಗಿಯೇ ಕಾಣುತ್ತದೆ, ಹಣವುಳ್ಳವರು ಹಾಕಲಿ.

ಮುಚ್ಚುವುದರಲ್ಲಿಯೂ ಎಚ್ಚರಿಕೆ ಬೇಕು. ಮೊಳೆ ಹೋಗುವ ಪ್ರತಿಯೊಂದು ಜಾಗದಲ್ಲಿಯೂ ಸ್ವಲ್ಪ ಲೇಪ ಪುಡಿಯಾಗುತ್ತದೆ. ಆದುದರಿಂದ ಆ ಜಾಗಕ್ಕೆ ಮೊದಲೇ ಒದ್ದೆಯಾದ ದಪ್ಪ ಸರಿಯನ್ನು ಮೆತ್ತಿ, ಅದರ ಮೂಲಕ ಮೊಳೆ ಹಾಯಿಸಿದರೆ ಪುಡಿ ಅದರಲ್ಲಿಯೇ ಸಿಕ್ಕಿಕೊಳ್ಳುತ್ತದೆ. ಹಲಗೆ ಕೂಡಬೇಕೆಂದು ಉಬ್ಬಿದ ಅರಳನ್ನು ತಟ್ಟಿ ಮಟ್ಟ ಮಾಡಬಾರದು. ಅಟ್ಟದಲ್ಲಿ ಏನಿದೆಯೆಂದು ಮೊದಲೇ ನೋಡಬೇಕು. ಮಾಂಟಾನ ರಾಜ್ಯದ ಲಿಬ್ಬಿ ಎಂಬಲ್ಲಿಯ ಗಣಿಯಿಂದ ೧೯೯೦ರಲ್ಲಿ ಅದು ಮುಚ್ಚುವವರೆಗೆ ಬಂದ ವರ್ಮಿಕ್ಯುಲೈಟ್ ಎಂಬ ಹರಳುಪುಡಿಯನ್ನು ಚಳಿ ತಡೆಯಲು ಅನೇಕ ಅಟ್ಟಗಳಲ್ಲಿ ಸುರಿದಿದ್ದಾರೆ. ಅದರಲ್ಲಿ ಬೆರೆತಿರುವುದು ಬಿಳಿಯದಕ್ಕಿಂತಲೂ ಕ್ರೂರವಾದ ಜಾತಿಯ ಕಲ್ನಾರು. ಅಂಥ ಮನೆಯಲ್ಲಿ ಛಾವಣಿಗೆ ತೂತು ಕೊರೆಯುವುದೆಂದರೆ ಮೇಲಿನ ಮೂಟೆಯ ಬಾಯಿ ಬಿಚ್ಚಿದಂತೆ. ಈ ಕಾರಣಗಳಿಂದಾಗಿ ಮುಚ್ಚುವ ಕೆಲಸವನ್ನೂ ಬಲ್ಲವರಿಂದಲೇ ಮಾಡಿಸಬೇಕೆಂದು ನಾವು ಹೇಳುತ್ತೇವೆ. ಸ್ವಂತ ಮನೆಯ ಛಾವಣಿಯನ್ನು ಯಜಮಾನನೇ ಕೆರೆದುಕೊಳ್ಳಲು ಅಮೆರಿಕದ ಹಲವು ರಾಜ್ಯಗಳ ಕಾನೂನು ಅಡ್ಡಿ ಮಾಡುವುದಿಲ್ಲ ಎಂಬುದು ನಿಜ. ಕಾನೂನಿನ ಅನುಮತಿಯನ್ನು ಶ್ವಾಸಕೋಶ ಓದಿ ನೋಡುವುದಿಲ್ಲ.

ಇದಕ್ಕೆ ಒಂದು ಆಕ್ಷೇಪವುಂಟು, ಅದು ಹಗುರವಾದದ್ದಲ್ಲ. ಮುಚ್ಚುವುದೆಂದರೆ ಬಚ್ಚಿಡುವುದು; ನಿಮ್ಮ ಪಾಲಿನ ಅಪಾಯವನ್ನು ಮುಂದೆ ಮನೆ ಕೊಳ್ಳುವವನ, ಇಲ್ಲವೆ ಮನೆ ಕೆಡಹುವ ಕೂಲಿಯ ಪಾಲಿಗೆ ಬಿಟ್ಟುಹೋಗುವುದು ಎಂದು ಕೆಲವರು ವಾದಿಸುತ್ತಾರೆ. ಪೂರ್ತಿಯಾಗಿ ತೆಗೆಸಬೇಕಾದ ಸಂದರ್ಭಗಳುಂಟೆಂದು ನಾವೂ ಒಪ್ಪುತ್ತೇವೆ: ನೀರು ಸೋರಿ ಲೇಪ ಕಳಚುತ್ತಿದ್ದರೆ, ಛಾವಣಿಯನ್ನೇ ಒಡೆಯಬೇಕಾಗಿದ್ದರೆ, ಮನೆಯನ್ನು ಕೆಡಹುವುದಿದ್ದರೆ. ಆಗ ಪರವಾನಗಿಯುಳ್ಳವರು ಕೋಣೆಯನ್ನು ಪ್ಲಾಸ್ಟಿಕ್ ಹಾಳೆಯಿಂದ ಮುಚ್ಚಿ, ಒಳಗಿನ ಗಾಳಿಯ ಒತ್ತಡವನ್ನು ಹೊರಗಿಗಿಂತ ಕಡಮೆಯಾಗಿಟ್ಟು, ಸೂಕ್ಷ್ಮ ಶೋಧಕಗಳ ಮೂಲಕ ಗಾಳಿಯನ್ನು ಹೊರತೆಗೆಯುತ್ತ ಕೆಲಸ ಮಾಡುತ್ತಾರೆ. ಖರ್ಚು ಬಹಳ; ಆದರೂ ತಕ್ಕ ಖರ್ಚು. ಗಟ್ಟಿಯಾದ ಛಾವಣಿಗೆ ಬರಿಯ ಅಂದಕ್ಕಾಗಿ ಅಷ್ಟು ಮಾಡಿಸಲಾರದೆ, ಆ ಖರ್ಚನ್ನು ಉಳಿಸಲು ತಾನೇ ಏಣಿ ಹತ್ತುವುದು ಮಾತ್ರ ಎಲ್ಲಕ್ಕಿಂತ ಕೆಟ್ಟ ಆಯ್ಕೆ.

ನಮ್ಮ ನಾಡಿನಲ್ಲಿ ಅರಳುಲೇಪವಿಲ್ಲದಿದ್ದರೂ ಕಲ್ನಾರಿಲ್ಲವೆಂದು ನಿಶ್ಚಿಂತರಾಗುವಂತಿಲ್ಲ. ಹಳ್ಳಿ ಪಟ್ಟಣಗಳೆನ್ನದೆ ಎಷ್ಟೋ ಮನೆ, ಕೊಟ್ಟಿಗೆ, ಕಾರ್ಖಾನೆಗಳ ಮೇಲಿರುವ ಏರಿಳಿತದ ಬೂದುಬಣ್ಣದ ಸಿಮೆಂಟ್ ಶೀಟುಗಳಲ್ಲಿ ಸುಮಾರು ಹತ್ತರಲ್ಲೊಂದು ಪಾಲು ಅದೇ ಬಿಳಿಯ ಕಲ್ನಾರು. ಅದನ್ನು ಭಾರತ ಇಂದಿಗೂ ಹೊರದೇಶಗಳಿಂದ ತರಿಸಿಕೊಳ್ಳುತ್ತಿದೆ. ಕಲ್ನಾರಿನ ಕೆಲಸಗಾರರ ಆರೋಗ್ಯ ಅವರ ಬದುಕುವ ಹಕ್ಕಿನ ಭಾಗವೆಂದು ನಮ್ಮ ಸರ್ವೋಚ್ಚ ನ್ಯಾಯಾಲಯ ೧೯೯೫ರಲ್ಲಿ ತೀರ್ಪಿತ್ತಿದೆ. ಶೀಟಿನಲ್ಲಿ ನಾರು ಸಿಮೆಂಟಿನೊಳಗೆ ಹುದುಗಿರುವುದರಿಂದ ಅದು ಅರಳಿನಂತೆ ಸುಲಭವಾಗಿ ಉದುರದು. ಆದರೆ ಯಂತ್ರದ ಗರಗಸದಿಂದ ಕೊಯ್ದಾಗ, ತೂತು ಕೊರೆದಾಗ, ಒಡೆದ ಚೂರುಗಳನ್ನು ದಾರಿಗೆ ಹರಡಿ ತುಳಿದಾಗ ಬಂಧನ ಕಳಚುತ್ತದೆ. ಶೀಟಿನ ಪಾಚಿಯನ್ನು ಒಣಗಿದಂತೆಯೇ ತಂತಿಯ ಬ್ರಷ್ಷಿನಿಂದ ತಿಕ್ಕುವುದನ್ನಾದರೂ ನಮ್ಮವರು ಇಂದೇ ಬಿಡಬೇಕು.

ಬಚ್ಚಿಡುವುದೆಂಬ ಆಕ್ಷೇಪಕ್ಕೆ ಉತ್ತರ ಇನ್ನೂ ಬಾಕಿಯಿದೆ. ಬಚ್ಚಿಟ್ಟದ್ದನ್ನು ಬರೆದಿಟ್ಟರೆ ಅದು ಬಚ್ಚಿಟ್ಟಂತಾಗುವುದಿಲ್ಲ. ಹಲಗೆಯನ್ನು ಮೇಲಕ್ಕೆತ್ತುವ ಮೊದಲು ಅದರ ಬೆನ್ನಿನ ಮೇಲೆ ದೊಡ್ಡ ಅಕ್ಷರಗಳಲ್ಲಿ ಬರೆಯಲಿ: ಇದರ ಮೇಲಿರುವ ಲೇಪದಲ್ಲಿ ಕಲ್ನಾರು ಇದೆ, ಇಂಥ ದಿನ ಪರೀಕ್ಷಿಸಲಾಯಿತು, ಇಂಥ ದಿನ ಮುಚ್ಚಲಾಯಿತು. ಅದೇ ಮಾತನ್ನು ಅಟ್ಟದ ಬಾಗಿಲ ಒಳಬದಿಗೂ ಅಂಟಿಸಲಿ. ಪ್ರಯೋಗಶಾಲೆಯ ವರದಿಯನ್ನು ಮನೆಯ ಕ್ರಯಪತ್ರದ ಜೊತೆಯಲ್ಲಿಟ್ಟು, ಮಾರುವ ದಿನ ಕೊಳ್ಳುವವನ ಕೈಗೆ ಕೊಡಲಿ. ಕೊಳ್ಳುವವನು ಬೆಲೆಯಲ್ಲಿ ಸ್ವಲ್ಪ ತಗ್ಗಿಸಿ ಕೇಳಿಯಾನು; ಕೇಳಲಿ.